ಓವನ್ ಆರಿಸಿದವರು ಯಾರು?

ಆ ಸಂಜೆ ಮಾಂಸ ಬೇಯುವ ವಾಸನೆ ಮೊದಲು ಬಂದದ್ದು ಮೇಷ್ಟ್ರ ಕನಸಿಗೆ. ಮೂರನೇ ಮಹಡಿಯ ಕಿಟಕಿಯ ಪಕ್ಕ, ಬೆತ್ತದ ಕುರ್ಚಿಯಲ್ಲಿ, ಎದೆಯ ಮೇಲೆ ಪತ್ರಿಕೆ ಹಾಸಿಕೊಂಡು ಅವರು ಒಳ್ಳೆಯ ನಿದ್ದೆಯಲ್ಲಿದ್ದರು. ಕನಸಿನಲ್ಲಿ ಎದುರು ಕಟ್ಟಡದ ಗೋಡೆ ಇಡಿಯಾಗಿ ಹಳದಿ ಬಿಸಿಲಿನಲ್ಲಿ ತೊಯ್ದು ನಿಂತಿತ್ತು. ಅದರ ಕಿಟಕಿಗಳಿಂದ ಕೊಬ್ಬು ಕರಗುವ, ಕರಿಮೆಣಸು ಬೆಚ್ಚಗಾಗುವ ವಾಸನೆ ತೇಲಿ ಬರುತ್ತಿತ್ತು. ಯಾರೋ ಒಳಗಿನಿಂದ ಕರೆಯುತ್ತಿದ್ದರು. ಇನ್ನೇನು ಗೋಡೆಯೊಳಕ್ಕೆ ಕಾಲಿಡಬೇಕು, ಅಷ್ಟರಲ್ಲಿ ವಾಸನೆ ನಿಂತುಹೋಯಿತು, ಕನಸೂ ಹರಿಯಿತು.

ಕಣ್ಣು ತೆರೆದರೆ ಎದುರು ಗೋಡೆಯ ಮೇಲೆ ನಿಜವಾದ ಬಿಸಿಲು ಇನ್ನೂ ಅಂಗೈಯಗಲ ಉಳಿದಿತ್ತು. ಬದುಕಿಡೀ ಮಕ್ಕಳಿಗೆ ಚಿತ್ರ ಬರೆಯಲು ಕಲಿಸಿದ ಮನುಷ್ಯ. ಬೆಳಕು ನೋಡುತ್ತ ಕೂತರೆ ಅವರಿಗೆ ಹೊತ್ತು ಹೋದದ್ದೇ ತಿಳಿಯುವುದಿಲ್ಲ. ಬಿಸಿಲು ಜಾರಿತು, ಗೋಡೆ ನೇರಳೆಗೆ ತಿರುಗಿತು, ಎಷ್ಟೋ ಹೊತ್ತಿನ ಮೇಲೆ ಬೀದಿದೀಪ ಹತ್ತಿತು. ಎರಡನೇ ಮಹಡಿಯ ಲಿಫ್ಟ್ ಮೆಕ್ಯಾನಿಕ್ ಕೆಲಸ ಮುಗಿಸಿ, ಸೈಕಲ್ ತಳ್ಳಿಕೊಂಡು ಆ ದೀಪದ ಕೆಳಗೆ ಹಾದುಹೋದದ್ದನ್ನೂ ಅವರು ಅರೆ ಎಚ್ಚರದಲ್ಲೇ ನೋಡಿದರು.

ಪೂರ್ತಿ ಎಚ್ಚರವಾದದ್ದು ಯಾರೋ ಬಾಗಿಲು ಬಡಿದಾಗ. ಬಾಗಿಲು ತೆಗೆದವಳು ಅವರ ಹೆಂಡತಿ, ಕಟ್ಟಡಕ್ಕೆಲ್ಲ ಡಾಕ್ಟರಮ್ಮ. ನಿವೃತ್ತಳಾದ ಮೂಳೆ ಡಾಕ್ಟರು. ನೋವು ಎಲ್ಲಿ ಅಂತ ರೋಗಿ ತೋರಿಸಿದರೆ ಆ ಜಾಗ ಬಿಟ್ಟು ಬೇರೆಲ್ಲೋ ಒತ್ತಿ, ಮುರಿದದ್ದು ಇಲ್ಲಿ ಎನ್ನುವವಳು. ಅದೇ ಗುಣದಿಂದ ಕಟ್ಟಡದ ಅನೇಕ ಒಗಟುಗಳನ್ನೂ ಬಿಡಿಸಿದ್ದಳು. ಯಾರ ಮೇಲೆ ಯಾರಿಗೆ ಅನುಮಾನ ಬಂದರೂ ಜನ ಈ ಮೆಟ್ಟಿಲು ಹತ್ತುತ್ತಿದ್ದರು.

ಬಂದವಳು ಮೆಕ್ಯಾನಿಕ್ಕನ ಹೆಂಡತಿ, ಬೇಕರಿಯಲ್ಲಿ ಕೆಲಸ ಮಾಡುವಾಕೆ. ಓವನ್ನಿನ ಟ್ರೇ ಹಿಡಿಯುವ ಬಟ್ಟೆ ಇನ್ನೂ ಕೈಯಲ್ಲೇ ಇತ್ತು. ಅತ್ತು ಅತ್ತು ಮುಖ ಕೆಂಪಾಗಿತ್ತು.

"ಡಾಕ್ಟರಮ್ಮ, ಒಂದ್ಸಲ ಕೆಳಗೆ ಬನ್ನಿ. ಓವನ್ ಆರಿಸಿದ್ದು ನನ್ನ ಗಂಡಾನೇ ಅಂತ ನೀವು ನೋಡಿ ಹೇಳಿಬಿಟ್ರೆ ಸಾಕು. ಕೊನೇ ಬಸ್ಸಿಗೆ ನಾನೂ ಅಣ್ಣನ ಜೊತೆ ಹೊರಟುಬಿಡ್ತೀನಿ."

ಅಲ್ಲೇ ನಿಂತು ಆಕೆ ಹೇಳಿದ್ದು ಇಷ್ಟು. ಆಕೆಯ ಅಣ್ಣ ದೂರದ ಊರುಗಳಿಗೆ ಲಾರಿ ಓಡಿಸುವವನು. ಆಕೆಯ ಮದುವೆ ಅವನಿಗೆ ಒಪ್ಪಿಗೆ ಇರಲಿಲ್ಲ. ಈ ಮನೆಯ ಹೊಸಲು ತುಳಿಯುವುದಿಲ್ಲ ಎಂದು ಎಲ್ಲರೆದುರು ಹೇಳಿ ಹೋದವನು ವರ್ಷಗಟ್ಟಲೆ ಇತ್ತ ತಲೆ ಹಾಕಿರಲಿಲ್ಲ. ಮೊನ್ನೆ ತಾನಾಗಿಯೇ ಫೋನ್ ಮಾಡಿ, ಬರುತ್ತೇನೆ, ಊಟ ಮಾಡಿ ಕೊನೆಯ ಬಸ್ಸಿಗೆ ಹೊರಡುತ್ತೇನೆ ಎಂದಿದ್ದ. ತಂಗಿಗೆ ನೆಲದ ಮೇಲೆ ಕಾಲು ನಿಲ್ಲಲಿಲ್ಲ. ಮೂಳೆ ಸಮೇತ ಎರಡು ಬೆರಳು ದಪ್ಪದ ಮಾಂಸದ ತುಂಡು, ಸ್ಟೇಕ್, ತಂದಳು. ಬೆಳಿಗ್ಗೆಯೇ ಉಪ್ಪು ಹಚ್ಚಿ, ಬಟ್ಟೆಯಲ್ಲಿ ಒತ್ತಿ ಒರೆಸಿ, ಮಧ್ಯಾಹ್ನ ಫ್ರಿಜ್ಜಿನಿಂದ ತೆಗೆದಿಟ್ಟು, ಸಂಜೆ ಅಣ್ಣ ಬಂದ ಮೇಲೆ ಸಣ್ಣ ಉರಿಯ ಓವನ್ನಿಗೆ ಸೇರಿಸಿದಳು. ಮೂಳೆಯ ಪಕ್ಕದ ಮಾಂಸ ಎಲ್ಲಕ್ಕಿಂತ ಕೊನೆಗೆ ಬೇಯುತ್ತದೆ, ಅದಕ್ಕೇ ಅವಸರ ಕೂಡದು, ಕೊನೆಯಲ್ಲಿ ಕಾದ ಕಬ್ಬಿಣದ ಬಾಣಲೆಯಲ್ಲಿ ಎರಡೂ ಮಗ್ಗುಲು ಕೆಂಪಗೆ ಮಾಡಿದರಾಯಿತು ಎಂದು ಅಣ್ಣನಿಗೂ ವಿವರಿಸಿದಳು. ತಡವಾದರೆ ಕೆಡುತ್ತದಾ ಎಂದು ಅವನು ಕೇಳಿದ್ದಕ್ಕೆ, ಇದು ಕಾಯುವ ಅಡುಗೆ, ತಡಕ್ಕೆಲ್ಲ ಕೆಡುವುದಿಲ್ಲ ಎಂದು ನಕ್ಕಿದ್ದಳು. ಘಮ ಏಳತೊಡಗಿದ ಮೇಲೆ ಬ್ರೆಡ್ಡು ಮರೆತದ್ದು ನೆನಪಾಗಿ ಬೇಕರಿಗೆ ಓಡಿದಳು. ಅಲ್ಲಿ ಉದ್ದದ ಸಾಲು. ವಾಪಸು ಬಂದಾಗ ಅಣ್ಣ ಹೊರಕೋಣೆಯಲ್ಲಿ ಕಣ್ಣು ಮುಚ್ಚಿ ಒರಗಿದ್ದ, ಗಂಡ ಅಡುಗೆಮನೆಯಲ್ಲಿ ನೀರು ಕುಡಿಯುತ್ತಿದ್ದ. ಸ್ವಲ್ಪ ಹೊತ್ತಿಗೆ ಟೈಮರಿನ ಗಂಟೆ ಹೊಡೆಯಿತು. ಕದ ತೆಗೆದರೆ ಓವನ್ ತಣ್ಣಗೆ, ಮಾಂಸ ಹಸಿ, ಗುಂಡಿ ಸೊನ್ನೆಯಲ್ಲಿ.

"ನನ್ನ ಗಂಡನಿಗೆ ಹಳೇ ಸಿಟ್ಟು. ಅಣ್ಣ ನನ್ನ ಕೈಯಡುಗೆ ಉಣ್ಣಬಾರದು ಅಂತಲೇ ಮಾಡಿದ್ದು," ಎಂದಳು.

ಡಾಕ್ಟರಮ್ಮ ಶಾಲು ಹೊದ್ದಳು. ಮೇಷ್ಟ್ರು ಚಪ್ಪಲಿ ಹುಡುಕಿದರು. ಅವರನ್ನು ಬಿಟ್ಟು ಆಕೆ ಯಾವ ಒಗಟಿಗೂ ಕೈ ಹಾಕಿದವಳಲ್ಲ. ತಾನು ಮಾಡುವುದು ಏನೂ ಇಲ್ಲ, ಬಾಲದ ಹಾಗೆ ಹಿಂದೆ ಹೋಗುವುದಷ್ಟೇ ಎಂದು ಮೇಷ್ಟ್ರ ನಂಬಿಕೆ.

ಕೆಳಮನೆಯಲ್ಲಿ ಇಬ್ಬರು ಗಂಡಸರೂ ಒಬ್ಬರನ್ನೊಬ್ಬರು ನೋಡದೆ ಕೂತಿದ್ದರು. ಮೆಕ್ಯಾನಿಕ್ ಕೈಯ ಗ್ರೀಸನ್ನೂ ತೊಳೆದಿರಲಿಲ್ಲ. ತಾನು ಗುಂಡಿ ಮುಟ್ಟಿಲ್ಲ ಎಂದು ಒಂದು ಸಲ ಹೇಳಿದ, ಎರಡನೇ ಸಲ ಹೇಳಲು ಅವನಿಗೆ ಮನಸ್ಸಿದ್ದಂತೆ ಕಾಣಲಿಲ್ಲ. ಮನೆಗೆ ಬಂದಾಗ ಏನಾದರೂ ವಾಸನೆ ಇತ್ತಾ ಎಂದು ಡಾಕ್ಟರಮ್ಮ ಕೇಳಿದಳು. ಏನೂ ಇರಲಿಲ್ಲ, ಅಡುಗೆ ಇನ್ನೂ ಶುರುವಾಗಿಲ್ಲ ಅಂದುಕೊಂಡೆ ಎಂದ.

ಲಾರಿ ಅಣ್ಣ ಭಾರಿ ಆಳು. ದೀಪಕ್ಕೆ ಮುಖ ಓರೆ ಮಾಡಿ ಕೂತಿದ್ದ. ಕಾಲ ಬಳಿ ಹೊಟ್ಟೆ ಉಬ್ಬಿದ ಕ್ಯಾನ್ವಾಸ್ ಚೀಲ. ಜಿಪ್ ಕೂಡದೆ ತೆರೆದೇ ಇದ್ದ ಅದರ ಬಾಯಿಂದ ಹಸಿರು ರೆಕ್ಸಿನ್ ದಿಂಬೊಂದು ಇಣುಕುತ್ತಿತ್ತು. ಕೂತು ಕೂತು ನಡುವೆ ಆಳವಾಗಿ ತಗ್ಗು ಬಿದ್ದ ದಿಂಬು. ಆ ತಗ್ಗಿನಲ್ಲಿ ತುಂಬಿದ್ದ ನೆರಳನ್ನೇ ಮೇಷ್ಟ್ರು ನೋಡುತ್ತ ನಿಂತರು. ಅದು ಲಾರಿಯ ಸೀಟಿನ ದಿಂಬು ಎಂದು ಹೆಂಡತಿಯ ಕಿವಿಯಲ್ಲಿ ಸುಮ್ಮನೆ ಹೇಳಿದರು.

ಡಾಕ್ಟರಮ್ಮ ಅಡುಗೆಮನೆಗೆ ಹೋಗಿ ಟ್ರೇ ಎಳೆದಳು. ಯಾರದೋ ಮಂಡಿ ಪರೀಕ್ಷಿಸುವಂತೆ ಮೂಳೆಯ ಗುಂಟ ಹೆಬ್ಬೆರಳಿನಿಂದ ಒತ್ತಿ ನೋಡಿದಳು. ಅಂಚಿನ ಕೊಬ್ಬನ್ನು ಉಗುರಿನಲ್ಲಿ ಕೆರೆದಳು. ಆಮೇಲೆ ಗಂಡನ ಕಡೆ ತಿರುಗಿದಳು.

"ರೀ, ಸಂಜೆ ನಿದ್ದೆಯಿಂದ ಎದ್ದು, ಮಾಂಸದ ಘಮ ಬಂತು, ಯಾರೋ ಊಟಕ್ಕೆ ಕರೆದು ಬಾಗಿಲು ಹಾಕ್ಕೊಂಡ್ರು ಅಂತ ಗೊಣಗ್ತಾ ಇದ್ರಲ್ಲ. ಕನಸಿನ ಆ ವಾಸನೆ ನಿಂತಾಗ ಹೊರಗೆ ಬೆಳಕು ಹೇಗಿತ್ತು?"

ಎಲ್ಲರೆದುರು ಕನಸಿನ ಲೆಕ್ಕ ಒಪ್ಪಿಸಬೇಕಾಗಿ ಬಂದು ಮೇಷ್ಟ್ರಿಗೆ ನಾಚಿಕೆಯಾಯಿತು. ಆದರೂ ಹೇಳಿದರು. ಗೋಡೆಯ ಮೇಲೆ ಬಿಸಿಲು ಅಂಗೈಯಗಲ. ಬೀದಿದೀಪಕ್ಕೆ ಇನ್ನೂ ಬಹಳ ಹೊತ್ತಿತ್ತು.

"ಇವರು ಸೈಕಲ್ ತಳ್ಕೊಂಡು ಬಂದಾಗ?"

"ದೀಪ ಹತ್ತಿತ್ತು. ನೆರಳು ಉದ್ದಕ್ಕೆ ಬಿದ್ದಿತ್ತು, ನೋಡಿದೆ."

ಎಲ್ಲರನ್ನೂ ಹೊರಕೋಣೆಯಲ್ಲಿ ಕೂರಿಸಿ ಡಾಕ್ಟರಮ್ಮ ನಿಂತೇ ಮಾತು ಶುರು ಮಾಡಿದಳು.

"ಮೂಳೆ ಪಕ್ಕ ಪೂರ್ತಿ ಹಸಿ. ಬಿಸಿ ಅಲ್ಲಿವರೆಗೂ ಹೋಗೇ ಇಲ್ಲ. ಆದ್ರೆ ಅಂಚಿನ ಕೊಬ್ಬು ಕರಗಿ, ಟ್ರೇಗೆ ಇಳಿದು, ಮತ್ತೆ ಬೆಳ್ಳಗೆ ಗಟ್ಟಿಯಾಗಿದೆ. ಮುಚ್ಚಿದ ಓವನ್ನಿನಲ್ಲಿ ಅಷ್ಟು ತಣ್ಣಗಾಗೋಕೆ ತುಂಬಾ ಹೊತ್ತು ಬೇಕು. ನಿಮ್ಮ ಅಡುಗೆಮನೆ ಗಾಳಿ ನೇರ ನಮ್ಮ ಕಿಟಕಿಗೆ ಬರುತ್ತೆ. ವಾಸನೆ ನಿಂತದ್ದು ಬಿಸಿಲಿರುವಾಗಲೇ. ನಿನ್ನ ಗಂಡ ಆಗ ಇನ್ನೂ ಯಾವುದೋ ಲಿಫ್ಟಿನೊಳಗಿದ್ದ."

ಬೇಕರಿಯಾಕೆ ಗಂಡನ ಕಡೆ ನೋಡಲಾರದೆ ಹೋದಳು. ಹಾಗಾದರೆ ತಾನೇ ಕೈತಪ್ಪಿ ಆರಿಸಿದೆನೇ ಎಂದು ಸಣ್ಣ ದನಿಯಲ್ಲಿ ಕೇಳಿದಳು.

"ಘಮ ಎದ್ದ ಮೇಲೆ ತಾನೇ ನೀನು ಹೋದದ್ದು? ಆಗ ಓವನ್ ಉರೀತಾ ಇತ್ತು. ನೀನು ಹೋದ ಮೇಲೆ, ನಿನ್ನ ಗಂಡ ಬರೋಕೆ ಮುಂಚೆ ಆರಿದೆ. ಇನ್ನೊಂದು ಮಾತು. ಅಡುಗೆ ಕೆಡಿಸಬೇಕು ಅನ್ನೋರು ಉರಿ ಏರಿಸ್ತಾರೆ. ಸೀದದ್ದನ್ನ ಸರಿ ಮಾಡೋಕಾಗಲ್ಲ. ಇಲ್ಲಿ ಉರಿ ಆರಿಸಿದ್ದಾರೆ, ಟೈಮರ್ ಹಾಗೇ ಬಿಟ್ಟಿದ್ದಾರೆ. ಮಾಂಸ ಕೆಡಲಿಲ್ಲ, ಊಟ ಮುಂದೆ ಹೋಯ್ತು ಅಷ್ಟೇ. ಅಂದ್ರೆ ಆರಿಸಿದವರಿಗೆ ಬೇಕಾಗಿದ್ದು ಹೊತ್ತು. ಊಟ ಮುಗಿದ್ರೆ ಎದ್ದು ಹೋಗಬೇಕಾದವರು ಈ ಮನೇಲಿ ಒಬ್ಬರೇ. ತಡವಾದ್ರೆ ಕೆಡುತ್ತಾ ಅಂತ ಕೇಳಿದವರೂ ಅವರೇ. ನಾಳೆ ಲಾರಿ ಹತ್ತೋ ಡ್ರೈವರು ಸೀಟಿನ ದಿಂಬು ಕಿತ್ತುಕೊಂಡು ತಂಗಿ ಮನೆಗೆ ಊಟಕ್ಕೆ ಬರ್ತಾನಾ?"

ಲಾರಿ ಅಣ್ಣ ಚೀಲವನ್ನು ಕಾಲಿನಿಂದ ಹಿಂದಕ್ಕೆ ಸರಿಸಲು ನೋಡಿದ, ಅದು ಸರಿಯಲಿಲ್ಲ.

"ನಾನೇ," ಎಂದ. "ರಾತ್ರಿ ಹೊತ್ತು ಎದುರಿನ ಗಾಡಿ ದೀಪ ಒಂದು ನಾಲ್ಕಾಗಿ, ಹೂವಿನ ಹಾಗೆ ಅರಳಿಬಿಡುತ್ತೆ. ರಸ್ತೇನೇ ಕಾಣಲ್ಲ. ಲಾರಿ ಬಿಟ್ಟೆ. ರೂಮು ಕಂಪನಿಯದು, ಅದೂ ಹೋಯ್ತು. ಬಸ್ಸು ತಪ್ಪಿದ್ರೆ ಒಂದು ರಾತ್ರಿ ಇರು ಅಂತೀರೇನೋ, ಆ ರಾತ್ರೀಲಿ ಹೇಳಿಕೊಳ್ಳೋ ಧೈರ್ಯ ಬರುತ್ತೇನೋ ಅಂತ ಮಾಡಿದೆ. ಇವರ ಮೇಲೆ ತಪ್ಪು ಬಂದಾಗ ಬಾಯಿ ತೆರೆದೆ. ದನಿ ಬರಲಿಲ್ಲ."

ಇವನ ಜೊತೆ ಹೊರಡುತ್ತೇನೆ ಎಂದು ಕೂತಿದ್ದಳಲ್ಲ ಈ ಹುಡುಗಿ, ಇವನಿಗೇ ಹೋಗಲು ಜಾಗವಿಲ್ಲ ಎಂದು ಮೇಷ್ಟ್ರಿಗೆ ಹೊಳೆದದ್ದು ಆಗ. ಡಾಕ್ಟರಮ್ಮ ಶಾಲಿನ ತುದಿ ಹಿಂಡುತ್ತ ನಿಂತಿದ್ದಳು. ಮುರಿದದ್ದು ಎಲ್ಲಿ ಎಂದು ಹೇಳುವುದಷ್ಟೇ ಅವಳ ಕೆಲಸ. ಕೂಡಿಸುವುದು ಆ ಮನೆಯವರಿಗೆ ಬಿಟ್ಟದ್ದು.

ಬೇಕರಿಯಾಕೆ ಅಣ್ಣನ ಕೈ ಹಿಡಿದುಕೊಂಡು ಗಂಡನ ಕಡೆ ತಿರುಗಿದಳು. ಕ್ಷಮಿಸಿ ಅನ್ನಲು ಹೊರಟವಳನ್ನು ಅವನು ತಡೆದ.

"ನೀನಂದ ಮಾತು ಮರೆಯೋಕೆ ನಂಗೆ ಸ್ವಲ್ಪ ದಿನ ಬೇಕು," ಎಂದ. ದನಿಯಲ್ಲಿ ಸಿಟ್ಟಿಗಿಂತ ದಣಿವೇ ಹೆಚ್ಚಾಗಿತ್ತು. ಎದ್ದು ಅಡುಗೆಮನೆಗೆ ಹೋದ. ನಲ್ಲಿ ಬಿಟ್ಟು ಕೈ ತೊಳೆದ ಸದ್ದು ಬಹಳ ಹೊತ್ತು ಕೇಳಿಸಿತು. ಆಮೇಲೆ ಓವನ್ನಿನ ಕದ ಹಾಕಿದ ಸದ್ದು, ಗುಂಡಿ ತಿರುಗಿದ ಸದ್ದು. ತಂಗಿ ಹೆದರಿ ಅರ್ಧ ಎದ್ದಳು. ಡಾಕ್ಟರಮ್ಮ ಕಣ್ಣಲ್ಲೇ ಅವಳನ್ನು ಕೂರಿಸಿದಳು.

ಮೆಕ್ಯಾನಿಕ್ ಬಾಗಿಲಲ್ಲಿ ಬಂದು ನಿಂತ. ಹೆಂಡತಿಯನ್ನು ನೋಡದೆ, ನೇರವಾಗಿ ಅವಳಣ್ಣನಿಗೆ ಹೇಳಿದ.

"ತೀರಾ ಸಣ್ಣ ಉರೀಲಿ ಇಟ್ಟಿದ್ದೀನಿ, ಭಾವ. ಬೇಯೋ ಹೊತ್ತಿಗೆ ನಿಮ್ಮ ಬಸ್ಸು ಹೋಗಿರುತ್ತೆ. ನಾಳೇನೂ ಏನಾದ್ರೂ ಬೇಯಿಸೋಣ."