ಕೇಳದೆ ಕೊಟ್ಟ ಉತ್ತರ

"ನಿಮ್ಮ ದುಃಖ ನಂಗೆ ಅರ್ಥ ಆತಿಲ್ಲ."

ತಮ್ಮ ದೇವುವಿನ ಬೊಜ್ಜದ ದಿನ, ಉತ್ತರಕ್ರಿಯೆಗೆ ಬಂದವರ ನಡುವೆ ಅಂಗಳದಲ್ಲಿ ನಿಂತು ಒಬ್ಬ ಅಪರಿಚಿತ ಹೀಗೆಂದಾಗ ಸೌಮ್ಯಶ್ರೀಗೆ ತನ್ನ ಕಿವಿಯನ್ನೇ ನಂಬಲಾಗಲಿಲ್ಲ. ಕೈಯಲ್ಲಿದ್ದ ಚೊಂಬಿನ ನೀರು ಕಾಲ ಮೇಲೆ ಚೆಲ್ಲಿತು.

ಉಪ್ಪುಂದದ ಆ ಮನೆಗೆ ಬಂದವರೆಲ್ಲ ಇಷ್ಟು ದಿನ ಹೇಳಿದ್ದು ಒಂದೇ ಮಾತು: "ನಿನ್ನ ಸಂಕಟ ನಮ್ಗೆ ಗೊತ್ತಾತ್ತ್ ಮಗಾ." ದೇವು ಇಪ್ಪತ್ತೆರಡರ ಹುಡುಗ. ಬೋಟಿನಿಂದ ಕಡಲಿಗೆ ಬಿದ್ದವನು ಮೂರನೇ ದಿನ ಸಿಕ್ಕಿದ್ದ. ಅಂಥ ಮನೆಗೆ ಬಂದು ಅರ್ಥವಾಗುವುದಿಲ್ಲ ಅನ್ನುವವನಿಗೆ ಎಷ್ಟು ಕೊಬ್ಬು!

"ಅರ್ಥ ಆಗ್ದಿದ್ರೆ ಎಂತಕ್ ಬಂದದ್ದ್ ನೀವು?" ಅಂದಳು.

"ಕೇಂಬುಕೆ," ಅಂದ ಅವನು. "ನೀವು ಹೇಳುದಾದ್ರೆ."

ಅವಳು ಬೆನ್ನು ತಿರುಗಿಸಿ ಒಳಗೆ ಹೋದಳು. ಆದರೆ ಅಂದು ಅತ್ತಾಗ, ಅಷ್ಟು ದಿನದಲ್ಲಿ ಮೊದಲ ಬಾರಿಗೆ, ಆ ಅಳು ತನ್ನದೇ ಅನ್ನಿಸಿತು.

ಮತ್ತೆ ಅವನನ್ನು ನೋಡಿದ್ದು ಎರಡು ತಿಂಗಳ ಮೇಲೆ, ಕುಂದಾಪುರದಲ್ಲಿ ಅವಳು ಕೆಲಸ ಮಾಡುವ ಡಿಟಿಪಿ ಅಂಗಡಿಯಲ್ಲಿ. ಗ್ರೀಸ್ ಮೆತ್ತಿದ ಉಗುರು, ಇಸ್ತ್ರಿ ಮಾಡಿದ ಅಂಗಿ, ಕಂಕುಳಲ್ಲಿ ಹಳೇ ನೋಟುಪುಸ್ತಕಗಳ ಕಟ್ಟು. ಹೆಸರು ಅಜಿತ್, ಗುಲ್ವಾಡಿಯವನು. ಬೋಟಿನ ಎಂಜಿನ್ ರಿಪೇರಿ ಮಾಡುವವನು. ದೇವುವಿನ ಪರಿಚಯ ಹಾಗೆ ಆದದ್ದು.

"ಅಜ್ಜಯ್ಯ ಬರ್ದದ್ದ್. ಟೈಪ್ ಮಾಡಿ ಕೊಡೂಕಾತ್ತಾ?"

ಟೈಪ್ ಮಾಡುತ್ತ ಹೋದಂತೆ ಅವಳಿಗೆ ಆ ದಿನದ ಮಾತಿನ ಬೇರು ಸಿಕ್ಕಿತು. ಅಜ್ಜಯ್ಯ ಚಂದಯ್ಯನವರು ಒಂಟಿಗೂಡು ಮಾರ್ಗದ ಹಿರಿಯರು. ಗುಲ್ವಾಡಿಯಿಂದ ಕೊಕ್ಕರ್ಣೆಯವರೆಗೆ ಇಪ್ಪತ್ತೇ ಮನೆಗಳು ನಡೆಸಿಕೊಂಡು ಬಂದ ವಿಚಾರ. ಪ್ರತಿ ಮನಸ್ಸೂ ಒಂದು ಗೂಡು, ಅದಕ್ಕೆ ಬಾಗಿಲಿಲ್ಲ. ತಾಯಿಯೂ ಮಗುವಿನ ಗೂಡಿನೊಳಗೆ ಹೋದವಳಲ್ಲ. 'ನಿನ್ನ ಮನಸ್ಸು ನನಗೆ ಗೊತ್ತು' ಅನ್ನುವವನು ತನ್ನ ಗೂಡನ್ನೇ ನೋಡಿಕೊಂಡು ನಿನ್ನದು ಅನ್ನುತ್ತಾನೆ. ಆದ್ದರಿಂದ ಊಹಿಸಬಾರದು. ಕೇಳಬೇಕು, ಉತ್ತರ ಬರುವ ತನಕ ಕಾಯಬೇಕು.

"ಯಾರಿಗೂ ಯಾರೂ ಅರ್ಥ ಆಗೂದಿಲ್ಲ ಅಂದ್ಮೇಲೆ ನಿಮ್ಮಜ್ಜಯ್ಯ ಹನ್ನೆರಡು ಪುಸ್ತಕ ಬರ್ದದ್ದ್ ಯಾರಿಗೆ?" ಅಂತ ಒಂದು ದಿನ ಕೆಣಕಿದಳು.

"ನಾನೂ ಕೇಂಡಿದ್ದೆ. ಬೈದ್ರ್."

ಅವಳು ನಕ್ಕಳು. ನಕ್ಕಮೇಲೆ ಬೆಚ್ಚಿದಳು. ದೇವು ಹೋದ ಮೇಲೆ ತನ್ನ ನಗುವಿನ ಸದ್ದನ್ನು ಕೇಳಿದ್ದು ಅದೇ ಮೊದಲು. ಅಜಿತ್ ಅವಳ ಮುಖವನ್ನೇ ನೋಡುತ್ತಿದ್ದವನು ತಟ್ಟನೆ ಪ್ರಿಂಟರಿನ ಕಡೆ ತಿರುಗಿದ, ಅಲ್ಲಿ ಏನೋ ಬಹಳ ಮುಖ್ಯವಾದದ್ದು ಇದೆ ಅನ್ನುವ ಹಾಗೆ.

ಪುಸ್ತಕಗಳು ಮುಗಿಯಬಾರದೆಂದು ಅವಳು ನಿಧಾನ ಮಾಡಿದಳು. ಪ್ರೂಫ್ ನೋಡುವ ನೆಪದಲ್ಲಿ ಅವನು ವಾರಕ್ಕೆರಡು ಸಲ ಬಂದ. ಬಂದಾಗೆಲ್ಲ ಕೇಳುತ್ತಿದ್ದ. ದೇವುವಿಗೆ ಯಾವ ಮೀನು ಇಷ್ಟ? ಇವತ್ತು ನಿದ್ದೆ ಬಂತಾ? ಕಡಲು ನೋಡಿದರೆ ಈಗಲೂ ಸಿಟ್ಟು ಬರುತ್ತದಾ? ಅವಳು ಉತ್ತರ ಹುಡುಕುವಷ್ಟು ಹೊತ್ತೂ ಅವನು ಸುಮ್ಮನೆ ಕೂತಿರುತ್ತಿದ್ದ. ಅಷ್ಟು ಹೊತ್ತು ಯಾರೂ ಅವಳಿಗಾಗಿ ಕಾದಿರಲಿಲ್ಲ. ಒಂದು ಸಂಜೆ ಅವನು ಬಾರದಿದ್ದಾಗ ಎದೆಯಲ್ಲಿ ಎದ್ದ ದಿಗಿಲು ಕಂಡು ಅವಳು ಕುರ್ಚಿಯಲ್ಲೇ ಕಲ್ಲಾದಳು. ಇದು ಯಾವಾಗ ಆಯಿತು?

ಎಲ್ಲವನ್ನೂ ಕೇಳಿದ ಅವನು ಒಂದನ್ನು ಮಾತ್ರ ಕೇಳಲಿಲ್ಲ. ಕೇಳುತ್ತಾನೆ ಅಂತ ಅವಳು ಕಾದಳು.

ವರ್ಷಾಂತಿಕ ಕಳೆದು ಎರಡು ತಿಂಗಳಾದ ಮೇಲೆ, ಒಂದು ಭಾನುವಾರ ಮಧ್ಯಾಹ್ನ ಅಮ್ಮ ಸರಸ ಹೊಸ ಸೀರೆ ತಂದು ಮಂಚದ ಮೇಲಿಟ್ಟಳು.

"ನಾಲ್ಕ್ ಗಂಟಿಗ್ ಬ್ರಹ್ಮಾವರದವ್ರ್ ಬತ್ರ್ ಹೆಣ್ಣೆ. ಹುಡ್ಗ ಜಿತೇಂದ್ರ ಅಂದೇಳಿ. ಪುಣೆಯಲ್ಲ್ ಹೋಟ್ಲ್ ಇತ್ತ್."

"ಅಮ್ಮ! ನನ್ನ ಒಂದ್ ಮಾತ್ ಕೇಂಬುದಲ್ದಾ?"

"ಕೇಂಡ್ರೆ ನೀನ್ ಬಾಯಿ ಬಿಡ್ತ್ಯಾ? ಅದ್ಕೇ ನಿನ್ನ ಅಂಗ್ಡಿಗ್ ಬಪ್ಪು ಆ ಗುಲ್ವಾಡಿ ಅಜಿತನ ಹತ್ರ ಕೇಂಡೆ. ನಿನ್ನ ಮನ್ಸಲ್ಲ್ ಯಾರೂ ಇಲ್ಲ ಅಂದ. ಒಳ್ಳೆ ಸಂಬಂಧ, ಸೌಮ್ಯ ಅಲ್ಲಿ ಸುಖವಾಗಿ ಇರ್ತ್ರ್, ಮಾಡಿ ಅಂದ."

ಸೌಮ್ಯಶ್ರೀ ಮಂಚದ ಅಂಚು ಹಿಡಿದು ಕೂತಳು. ಅಜಿತ್ ಹಾಗಂದನೇ? ಊಹಿಸುವುದೇ ತಪ್ಪು ಎಂದು ಕಲಿತು ಬೆಳೆದವನು, ಅವಳ ಬದುಕಿನ ಉತ್ತರವನ್ನು ಅವಳನ್ನು ಕೇಳದೆ ಕೊಟ್ಟುಬಿಟ್ಟನೇ?

ಅವಳು ಸ್ಕೂಟಿ ತೆಗೆದಳು. ತಲ್ಲೂರು ದಾಟಿದ್ದು, ಗುಲ್ವಾಡಿಯ ದಾರಿಗೆ ತಿರುಗಿದ್ದು ಒಂದೂ ನೆನಪಿಲ್ಲ. ಹೊಳೆ ಬದಿಯ ಅವನ ಮನೆಯ ಚಾವಡಿಯಲ್ಲಿ ಒಂಟಿಗೂಡಿನವರ ಭಾನುವಾರದ ಕೂಟ ನಡೆದಿತ್ತು. ಹದಿನೈದಿಪ್ಪತ್ತು ಜನ, ನಡುವೆ ಚಂದಯ್ಯ, ಗೋಡೆಗೊರಗಿ ಅಜಿತ್.

"ಹ್ವಾಯ್!"

ಆ ಚಾವಡಿಯಲ್ಲಿ ಅಷ್ಟು ಜೋರಾಗಿ ಯಾರೂ ಕೂಗಿದ್ದಿಲ್ಲ. ಎಲ್ಲರ ತಲೆಯೂ ಒಟ್ಟಿಗೆ ತಿರುಗಿತು.

"ನನ್ನ ಮನ್ಸಲ್ಲ್ ಯಾರೂ ಇಲ್ಲ ಅಂದ್ರ್ಯಂತೆ. ನಿಮ್ಗೆ ಹ್ಯಾಂಗ್ ಗೊತ್ತಾಯ್ತ್? ಯಾವ್ ಬಾಗ್ಲಲ್ಲ್ ಒಳಗ್ ಹೋಯಿ ಕಂಡ್ ಬಂದ್ರಿ?"

ಅಜಿತನ ಮುಖದ ರಕ್ತ ಇಳಿಯಿತು. ಎದ್ದು ನಿಂತ. ಚಂದಯ್ಯ ಮೊಮ್ಮಗನನ್ನು ಮೊದಲ ಸಲ ನೋಡುವವರಂತೆ ನೋಡಿದರು.

"ಹೌದನಾ? ಹಾಂಗ್ ಹೇಳ್ದ್ಯಾ?"

"ಹೇಳ್ದೆ ಅಜ್ಜಯ್ಯ." ಅವನ ದನಿ ಒಡೆದಿತ್ತು. ಅವಳ ಕಡೆ ತಿರುಗಿದ. "ಅದ್ ನಿಮ್ಮ ಮನ್ಸಲ್ಲ. ನನ್ನ ಹೆದ್ರಿಕೆ. ಕೇಂಡ್ರೆ ಇಲ್ಲ ಅಂತ್ರಿ, ಮತ್ತೆ ಅಂಗ್ಡಿಗೂ ಬಪ್ಪುಕಾತಿಲ್ಲ ಅಂದೇಳಿ… ನೀವು ಬೇರೆ ಊರಿಗ್ ಹೋದ್ರೂ ನಗ್ತಾ ಇದ್ರೆ ಸಾಕ್ ಅಂತ್ಕಂಡೆ. ತಪ್ಪಾಯ್ತ್."

"ತಪ್ಪಾಯ್ತ್ ಅಂಬುದು ಉತ್ತರ. ಪ್ರಶ್ನೆ ಎಲ್ಲಿ?"

ಯಾರೋ ಕೆಮ್ಮಿದರು. ಅಜಿತ್ ಇಪ್ಪತ್ತು ಜನರ ಎದುರು ಅವಳನ್ನು ನೋಡಿದ. ಈ ಸಲ ಪ್ರಿಂಟರ್ ಇರಲಿಲ್ಲ, ಕಣ್ಣು ತಪ್ಪಿಸಲು ಏನೂ ಇರಲಿಲ್ಲ.

"ಸೌಮ್ಯ, ನಂಗ್ ನೀವಂದ್ರೆ ಪ್ರಾಣ. ನನ್ನನ್ನ ಮದಿ ಆತ್ರ್ಯಾ?"

ಕೇಳಬೇಕೆಂದು ವರ್ಷವಿಡೀ ಕಾದ ಮಾತು. ಕೇಳಿದ ಮೇಲೆ ಅವಳಿಗೇ ಆಘಾತವಾಯಿತು. ಅವನು ಕಾದ. ಎಂದಿನ ಹಾಗೆ, ಒಂದು ಮಾತೂ ಸೇರಿಸದೆ.

"ಆತೆ," ಅಂದಳು.

ಅಲ್ಲಿಂದಲೇ ಅಮ್ಮನಿಗೆ ಫೋನ್ ಮಾಡಿ ಹೇಳಿದಳು. ಅಮ್ಮ ಎಲ್ಲ ಕೇಳಿಸಿಕೊಂಡಳು. ಆಮೇಲೆ, "ಫೋನ್ ಅವ್ನಿಗ್ ಕೊಡ್."

ಅಜಿತ್ ತಲೆ ತಗ್ಗಿಸಿ ಕೇಳಿಸಿಕೊಂಡ. ಕಿವಿ ಕೆಂಪಾಯಿತು.

"ಎಂತ ಹೇಳ್ದ್ರ್?"

"ಬ್ರಹ್ಮಾವರದವ್ರ್ ಹೊರ್ಟಾಯ್ತಂಬ್ರು. ಅವ್ರ ಎದ್ರ್ ನಿಂತ್, ತಪ್ಪ್ ನಂದ್ ಅಂದೇಳಿ ನಾನೇ ಹೇಳ್ಕಂಬ್ರು."

ಅವನ ಬೈಕು ರಿಪೇರಿಗೆ ಹೋಗಿತ್ತು. ಊರವರ ಬೈಕು, ಬೋಟು ಎಲ್ಲ ಸರಿ ಮಾಡುವವನು ಅವಳ ಸ್ಕೂಟಿಯ ಹಿಂದೆ ಮುದುಡಿ ಕೂತ. ಹೆದ್ದಾರಿ ಬರುವವರೆಗೆ ಸೀಟಿನ ಹಿಂಬದಿಯ ಕಂಬಿಯನ್ನು ಗಟ್ಟಿಯಾಗಿ ಹಿಡಿದುಕೊಂಡಿದ್ದ.

"ಸೌಮ್ಯ, ಹೆಗಲಿಗ್ ಕೈ ಇಡ್ಲಾ?"

"ಹೂಂ."

ಗಾಳಿಗೆ ಅವಳ ದನಿ ಹಾರಿಹೋಯಿತೇನೋ, ಅವನು ಇನ್ನೊಮ್ಮೆ ಕೇಳಿದ. ಅವಳು ಇನ್ನೊಮ್ಮೆ ಹೇಳಿದಳು. ಆಗ ಕೈ ಬಂದು ಕೂತಿತು. ನಡುಗುತ್ತಿದ್ದುದು ಅವನ ಕೈಯೋ, ತನ್ನ ಹೆಗಲೋ, ಅವಳಿಗೆ ಉಪ್ಪುಂದದವರೆಗೂ ತಿಳಿಯಲಿಲ್ಲ.