ಹೆಬ್ಬೆರಳ ಕೆಳಗಿನ ಉತ್ತರ

"ನಾನ್ ಹೋಗಲ್ಲ! ನಿದ್ದೆ ಬರ್ಸಿದ್ಮೇಲೆ ಏಳೋದೇ ಇಲ್ಲ ಅಂದ್ರೆ?"

ಹೆಟ್ಟಿ ಆಸ್ಪತ್ರೆ ಮಂಚದ ಕಂಬಿಯನ್ನು ಗಟ್ಟಿಯಾಗಿ ಹಿಡಿದುಕೊಂಡಳು. ತೆಗೆಯಬೇಕಾದದ್ದು ಗಂಟಲಿನ ಟಾನ್ಸಿಲ್, ಅಷ್ಟೇ. ಲೀಡ್ಸ್ ಊರಿನ ಅರ್ಧ ಮಕ್ಕಳು ತೆಗೆಸಿಕೊಂಡಿದ್ದಾರೆ.

"ಏಳ್ತೀಯ ಪುಟ್ಟಾ. ಎದ್ದ ತಕ್ಷಣ ಐಸ್ ಕ್ಯಾಂಡಿ ಕೊಡ್ತಾರೆ," ಎಂದಳು ಅಮ್ಮ. ಅವಳ ದನಿಯೇ ನಡುಗುತ್ತಿತ್ತು. ಅಮ್ಮನೇ ಹೆದರಿದರೆ ಹೆಟ್ಟಿ ಯಾರನ್ನು ನಂಬಬೇಕು?

ಪಕ್ಕದ ಮಂಚದ ಡಾರಿಲ್‌ಗೆ ನಿನ್ನೆಯೇ ಆಪರೇಷನ್ ಆಗಿತ್ತು. ಕಪ್ಪೆಯ ದನಿಯಲ್ಲಿ ಅವನು ಕರೆದ. "ಏಯ್ ಅಳುಮುಂಜಿ! ಇಲ್ಲಿ ನೋಡು."

ಅವನ ಕೈಯಲ್ಲಿ ಒಂದು ಐಸ್ ಕ್ಯಾಂಡಿ ಕಡ್ಡಿ. ಕಂದು ಬಣ್ಣಕ್ಕೆ ತಿರುಗಿದ ಹಳೇ ಕಡ್ಡಿ. ಅರ್ಧವನ್ನು ಹೆಬ್ಬೆರಳಿನಿಂದ ಮುಚ್ಚಿಕೊಂಡಿದ್ದ.

"ನಮ್ಮಮ್ಮ ಚಿಕ್ಕೋಳಿದ್ದ ಕಾಲದ್ದಂತೆ. ಈ ವಾರ್ಡಲ್ಲೇ ಕೈಯಿಂದ ಕೈಗೆ ಬಂದಿದೆ. ಜೋಕು ಓದು."

ಜೋಕು ಅಚ್ಚು ಹಾಕಿದ ಐಸ್ ಕ್ಯಾಂಡಿ ಕಡ್ಡಿಗಳೆಲ್ಲ ಹಾಗೇ. ಪ್ರಶ್ನೆ ಹಿಡಿಯುವ ತುದಿಯಲ್ಲಿ, ಉತ್ತರ ಐಸ್ ಒಳಗೆ. ಚೀಪಿ ಮುಗಿಸಿದವರಿಗೇ ನಗು. ಹೆಟ್ಟಿ ಮೂಗೊರೆಸಿಕೊಂಡು ಓದಿದಳು: "ಪೆಂಗ್ವಿನ್ ಛತ್ರಿ ಬಿಡಿಸಿಕೊಂಡು ಯಾಕೆ ಮಲಗಿತು?"

"ಯಾಕೆ?"

"ವಾಪಸ್ ಬಾ, ಹೇಳ್ತೀನಿ. ಮುಂಚೆನೇ ಹೇಳೋ ಹಾಗಿಲ್ಲ. ಇಲ್ಲಿನ ರೂಲ್ಸು."

"ವಾಪಸ್ ಬರ್ದೇ ಇದ್ರೆ?"

"ಇದುವರ್ಗೂ ಎಲ್ರೂ ಬಂದಿದಾರೆ. ಇಲ್ದಿದ್ರೆ ಕಡ್ಡಿ ನನ್ ಕೈಗೆ ಹೇಗ್ ಬರ್ತಿತ್ತು, ಪೆದ್ದಿ?"

ಗಾಲಿಮಂಚ ಹೊರಟಿತು. ಹೆಟ್ಟಿಯ ಕೈಗೆ ಸೂಜಿ ಚುಚ್ಚಿದರು. ಅಮ್ಮನ ಮುಖ ಮಸುಕಾಯಿತು. ಅಯ್ಯೋ, ಅಮ್ಮ ಎಲ್ಲಿ ಹೋದಳು? ಪೆಂಗ್ವಿನ್‌ಗೆ ಛತ್ರಿ ಯಾಕೆ? ಮನೆಯೊಳಗೇ ಮಳೆ ಬರ್ತಿತ್ತಾ?

ಆಮೇಲೆ ಏನೂ ಗೊತ್ತಾಗಲಿಲ್ಲ.

ಕಣ್ಣು ಬಿಟ್ಟಾಗ ಗಂಟಲು ಉರಿಯುತ್ತಿತ್ತು. ಅಮ್ಮ ಅಳುತ್ತಾ ನಗುತ್ತಿದ್ದಳು. ಹೆಟ್ಟಿ ಪಕ್ಕಕ್ಕೆ ತಿರುಗಿ, "ಯಾಕೆ?" ಎಂದಳು. ಅವಳದೂ ಈಗ ಕಪ್ಪೆಯ ದನಿಯೇ.

ಮನೆಗೆ ಹೊರಟು ನಿಂತಿದ್ದ ಡಾರಿಲ್ ಕಡ್ಡಿಯನ್ನು ಅವಳ ಕೈಗೆ ಕೊಟ್ಟ. ಹೆಟ್ಟಿ ಆಸೆಯಿಂದ ನೋಡಿದಳು. ಉತ್ತರ ಇರಬೇಕಾದ ಕಡೆ ಒಂದಕ್ಷರವೂ ಇರಲಿಲ್ಲ. ಎಷ್ಟೋ ಹೆಬ್ಬೆರಳುಗಳು ಒತ್ತಿ ಒತ್ತಿ ಆ ಜಾಗ ಸವೆದು ನುಣ್ಣಗಾಗಿತ್ತು.

"ಮೋಸಗಾರ! ನಿಂಗೂ ಗೊತ್ತಿಲ್ಲ!"

"ನಂಗೂ ಹೀಗೇ ಮೋಸ ಮಾಡಿದ್ರು," ಎಂದ ಡಾರಿಲ್. ಕಿವಿ ಕೆಂಪಾಯಿತು. "ನಾನು ನಿನಗಿಂತ ಜೋರಾಗಿ ಅತ್ತಿದ್ದೆ. ಬೇಕಾದ್ರೆ ನರ್ಸ್‌ನ ಕೇಳು."

ಮರುದಿನ ಅವನ ಮಂಚಕ್ಕೆ ಒಬ್ಬ ಪುಟ್ಟ ಹುಡುಗ ಬಂದ. ಅಪ್ಪನ ಕೋಟಿನಲ್ಲಿ ಮುಖ ಹುದುಗಿಸಿಕೊಂಡಿದ್ದ. ಭುಜ ನಡುಗುತ್ತಿತ್ತು. ಆ ನಡುಕ ಹೆಟ್ಟಿಗೆ ಗೊತ್ತಿತ್ತು.

ಅವಳು ಕಡ್ಡಿಯನ್ನು ಎತ್ತಿಕೊಂಡಳು. ಖಾಲಿ ಜಾಗದ ಮೇಲೆ ಹೆಬ್ಬೆರಳನ್ನು ಗಟ್ಟಿಯಾಗಿ ಒತ್ತಿದಳು.

"ಏಯ್ ಅಳುಮುಂಜಿ," ಎಂದಳು. "ಇಲ್ಲಿ ನೋಡು."