ಅವತ್ತು ಎತ್ತಿದ ಕೈ

"ಅರ್ಧ ಸುಳ್ಳು ಇರೋ ಪೇಪರ್‌ಗೆ ಪೂರ್ತಿ ಆರು ಪೆನ್ನಿ ಯಾಕೆ ಕೊಡ್ಲಿ?"

ಐಲ್ಸಾಳ ಮೈಯೆಲ್ಲ ಉರಿದುಹೋಯಿತು. ಪೋರ್ಟ್ ಕೆಂಬ್ಲಾದ ಉಕ್ಕಿನ ಕಾರ್ಖಾನೆಯ ಗೇಟಿನಲ್ಲಿ ನಾಲ್ಕು ವರ್ಷದಿಂದ ಪ್ರತಿ ಶುಕ್ರವಾರ ಕಮ್ಯುನಿಸ್ಟ್ ಪಕ್ಷದ ಪತ್ರಿಕೆ ಮಾರುತ್ತಿದ್ದಳು. ಬೈದವರಿದ್ದರು, ಮುಖಕ್ಕೇ ಎಸೆದವರಿದ್ದರು. ಆದರೆ ಹೀಗೆ ಹಲ್ಲು ಕಿರಿದು ಚೌಕಾಸಿಗೆ ನಿಂತವನು ಇವನೊಬ್ಬನೇ!

"ಯಾವ ಅರ್ಧ ಸುಳ್ಳು? ಹೇಳಿ ನೋಡೋಣ!"

"ಅದು ಗೊತ್ತಾಗ್ಬೇಕಾದ್ರೆ ಪೂರ್ತಿ ಓದ್ಬೇಕಲ್ಲ... ಕೊಡಿ ಒಂದು."

ಕುಲುಮೆಯ ಮಸಿ ಮೆತ್ತಿದ ಮುಖ. ಕಣ್ಣು ಮಾತ್ರ ನಗುತ್ತಿತ್ತು. ಮಂಗಳವಾರದ ಸಭೆಗೆ ಅದೇ ಮುಖ ತೊಳೆದುಕೊಂಡು ಬಂದು ಅವಳ ಪಕ್ಕದ ಕುರ್ಚಿಯಲ್ಲೇ ಕೂತಿತು! ಸ್ತ್ರಾತಿಸ್ ಅಂತ ಹೆಸರು. ಹುಡುಗನಾಗಿದ್ದಾಗಲೇ ಗ್ರೀಸ್‌ನ ದ್ವೀಪದಿಂದ ಬಂದವನು. ಬೇರೆ ಊರಿನ ಶಾಖೆಯಿಂದ ಆಗತಾನೇ ಬಂದಿದ್ದ, ಜೇಬಿನಲ್ಲಿ ಪಕ್ಷದ ಕಾರ್ಡು.

"ಕಾರ್ಡ್ ಇಟ್ಕೊಂಡು ಹಾಗಂದ್ರಾ?"

"ನಮ್ಮನೆ ಅಡುಗೆಗೆ ಉಪ್ಪು ಕಮ್ಮಿ ಅಂತ ನಾವಲ್ದೆ ಇನ್ಯಾರು ಹೇಳ್ಬೇಕು ಕಾಮ್ರೇಡ್?"

ಅವಳಿಗೆ ನಗು ಬಂತು. ಅಪ್ಪ ನೋಡುತ್ತಿದ್ದಾನೆಂದು ನುಂಗಿಕೊಂಡಳು.

ಅಪ್ಪ ಡಂಕನ್ ಅಂದರೆ ಹಡಗುಕಟ್ಟೆಯ ಕೂಲಿ, ಶಾಖೆಯ ಕಾರ್ಯದರ್ಶಿ. ಹೆಂಡತಿ ಸತ್ತ ಮೇಲೆ ಅವನಿಗಿದ್ದದ್ದು ಎರಡೇ, ಮಗಳು ಮತ್ತು ಪಕ್ಷ. ಅವರ ಮನೆಯ ಗೋಡೆಯಲ್ಲಿ ತಾಯಿಯ ಫೋಟೋ ಪಕ್ಕದಲ್ಲೇ ಗಡ್ಡದ ಮಾರ್ಕ್ಸ್. ಚಿಕ್ಕವಳಿದ್ದಾಗ ಐಲ್ಸಾ ಅವನನ್ನೇ ತನ್ನ ತಾತ ಅಂದುಕೊಂಡಿದ್ದಳು, ಪಾಪ!

ಅಧ್ಯಯನ ಗುಂಪಿನಲ್ಲಿ ಸ್ತ್ರಾತಿಸ್ ಅವಳ ಬುತ್ತಿಯ ಸ್ಕೋನ್ ಬನ್ನುಗಳಿಗೇ ಕೈಹಾಕಿ ಮಾರ್ಕ್ಸ್‌ನನ್ನು ವಿವರಿಸುತ್ತಿದ್ದ.

"ದಿನವಿಡೀ ದುಡಿದು ನೀನು ಎಂಟು ಸ್ಕೋನ್ ಮಾಡ್ದೆ ಅಂತಿಟ್ಕೋ. ಮೂರು ನಿಂಗೆ ಕೂಲಿ. ಉಳಿದ ಐದು ಯಜಮಾನನ ಹೊಟ್ಟೆಗೆ. ಅದೇ ಹೆಚ್ಚುವರಿ ಮೌಲ್ಯ."

"ಈಗ ನೀನು ತಿಂತಿರೋದು ಎಷ್ಟನೇದು?"

"ಐದನೇದು."

"ಹಾಗಾದ್ರೆ ನೀನೇ ಯಜಮಾನ ಕಣೋ! ಕೆಳಗಿಡು!"

ಹೀಗೇ ಇದ್ದಿದ್ದರೆ ಎಷ್ಟು ಚೆನ್ನಾಗಿತ್ತು... ಆದರೆ ಐವತ್ತಾರನೇ ಇಸವಿ ಬಂತಲ್ಲ!

ಆ ಚಳಿಗಾಲ ಮಾಸ್ಕೋದ ಗುಪ್ತ ಭಾಷಣವೊಂದು ಹೊರಬಿತ್ತು. ಸ್ಟಾಲಿನ್ ಕಾಲದಲ್ಲಿ ಸಾವಿರಾರು ನಿರಪರಾಧಿ ಕಾಮ್ರೇಡ್‌ಗಳನ್ನೇ ಕೊಂದರಂತೆ, ಜೈಲಿಗೆ ತಳ್ಳಿದರಂತೆ. ಶತ್ರುಗಳು ಹುಟ್ಟಿಸಿದ ಕಥೆ, ಯಾರೂ ಓದಕೂಡದು ಎಂದು ಮೇಲಿನಿಂದ ಆಜ್ಞೆ ಬಂತು.

ಸ್ತ್ರಾತಿಸ್ ಮಾತ್ರ ಓದಿದ. ಓದಿ ಮೂರು ದಿನ ನಗಲಿಲ್ಲ.

ಅವನಿಗೊಬ್ಬ ಅಣ್ಣನಿದ್ದ, ಮಿಲ್ತೋಸ್. ಗ್ರೀಸ್‌ನ ಬೆಟ್ಟಗಳಲ್ಲಿ ಪಕ್ಷಕ್ಕಾಗಿ ಬಂದೂಕು ಹಿಡಿದು, ಸೋತು, ಸೋವಿಯತ್ ನೆಲದ ತಾಷ್ಕೆಂಟ್ ಸೇರಿದವನು. ಎರಡು ವರ್ಷದಿಂದ ಅವನ ಕಾಗದವಿಲ್ಲ.

"ಎಲ್ಲರೂ ಇದನ್ನ ಓದ್ಬೇಕು ಐಲ್ಸಾ. ಎಲ್ರೂ ಸೇರಿ ಕೇಳಿದ್ರೆ ಉತ್ತರ ಕೊಡ್ಲೇಬೇಕಾಗತ್ತೆ. ನನ್ನ ಅಣ್ಣ ಎಲ್ಲಿ ಅಂತ ಕೇಳೋದು ದ್ರೋಹನಾ? ಹೇಳು..."

ಅವತ್ತು ಶನಿವಾರ, ಅಪ್ಪ ಕೆಲಸಕ್ಕೆ ಹೋಗಿದ್ದ. ಐಲ್ಸಾ ಅಪ್ಪನ ಟೈಪ್‌ರೈಟರನ್ನೇ ಎಳೆದುಕೊಂಡು ಆ ಭಾಷಣವನ್ನೆಲ್ಲ ತಾನೇ ಸ್ಟೆನ್ಸಿಲ್ ಹಾಳೆಗೆ ಟೈಪ್ ಮಾಡಿ, ಮೂವತ್ತು ಪ್ರತಿ ಅಚ್ಚೊತ್ತಿ ಅವನ ಕೈಗಿಟ್ಟಳು.

ಹತ್ತೇ ದಿನದಲ್ಲಿ ಸಭೆ ಕರೆದರು. ಡಂಕನ್ ಮೇಜಿನ ಮೇಲೆ ಒಂದು ಪ್ರತಿ ಇಟ್ಟ.

"ಟೈಪ್ ಮಾಡಿದ್ದು ಯಾರು?"

ಏಳು... ಎದ್ದು ಹೇಳು... ಐಲ್ಸಾಳ ಮನಸ್ಸು ಚೀರುತ್ತಿತ್ತು. ಕಾಲೇ ಏಳಲಿಲ್ಲ.

"ನಾನೇ," ಅಂದ ಸ್ತ್ರಾತಿಸ್.

ಟೈಪ್‌ರೈಟರ್ ಮುಂದೆ ಕೂತರೆ ತನ್ನ ಹೆಸರಲ್ಲೇ ಎರಡು ತಪ್ಪು ಮಾಡುವವನು!

ಪಕ್ಷದಿಂದ ತೆಗೆದುಹಾಕುವ ಠರಾವು ಬಂತು. ಅಲ್ಲಿ ಯಾವ ಠರಾವಾದರೂ ಒಮ್ಮತದ್ದೇ ಆಗಬೇಕು. ಒಂದೊಂದೇ ಕೈ ಮೇಲೇರಿತು. ಕೊನೆಗೆ ಉಳಿದದ್ದು ಅವಳೊಬ್ಬಳೇ. ಎಲ್ಲರೂ ತಿರುಗಿ ನೋಡಿದರು. ಅಪ್ಪ ನೋಡುತ್ತಿದ್ದ. ಸ್ತ್ರಾತಿಸ್ ಮಾತ್ರ ನೋಡಲಿಲ್ಲ, ತನ್ನ ಬೂಟನ್ನೇ ದಿಟ್ಟಿಸುತ್ತಿದ್ದ.

ಅಪ್ಪನನ್ನು ಕಳೆದುಕೊಂಡರೆ ನನಗೆ ಯಾರಿದ್ದಾರೆ? ಈ ಜನರನ್ನು ಬಿಟ್ಟು ನನಗೆ ಯಾವ ಲೋಕವಿದೆ?

ಅವಳ ಬಲಗೈ ಮೇಲೇರಿತು.

ಅಲ್ಲಿಂದ ಶುರುವಾಯಿತು ನೋಡಿ ನರಕ. ತೆಗೆದುಹಾಕಿದವರನ್ನು ಯಾರೂ ಮಾತಾಡಿಸುವಂತಿಲ್ಲ, ಮಾತಾಡಿಸಿದವರಿಗೂ ಅದೇ ಗತಿ. ಆದರೂ ಅವಳು ಒಂದು ದಿನ ಗಟ್ಟಿ ಮನಸ್ಸು ಮಾಡಿ, ಬೇಕರಿಯ ಮುಂದೆ ಎದುರಾದವನತ್ತ ಎರಡು ಹೆಜ್ಜೆ ಇಟ್ಟಳು.

ಅವನು ಸರಕ್ಕನೆ ರಸ್ತೆ ದಾಟಿ ಹೊರಟೇಹೋದ!

ಮುಂದಿನ ವಾರವೂ ಹಾಗೇ. ಅದರ ಮುಂದಿನ ವಾರವೂ. ನನ್ನ ಮುಖ ಕಂಡರೇ ಅಸಹ್ಯ ಅವನಿಗೆ... ಆಗಲೇಬೇಕು, ನಾನು ಮಾಡಿದ್ದೇನು ಸಣ್ಣದಾ? ದಿಂಬು ಕಚ್ಚಿ ಅತ್ತಳು. ಆ ಬಲಗೈಯನ್ನು ಕಂಡರೆ ಅವಳಿಗೇ ಹೇಸಿಗೆಯಾಗುತ್ತಿತ್ತು.

ಮರುವರ್ಷದ ಮೇ ದಿನ. ಎಲ್ಲರೂ ಮೆರವಣಿಗೆ ಹೊರಟಿದ್ದರು. ಶಾಖೆಯ ದೊಡ್ಡ ಕೆಂಪು ಬ್ಯಾನರಿಗೆ ಎರಡು ಕೋಲು. ಒಂದು ಐಲ್ಸಾಳ ಕೈಯಲ್ಲಿ, ಇನ್ನೊಂದು ಪಕ್ಕದ್ಮನೆಯ ಮೇವಿಸ್ ಕೈಯಲ್ಲಿ. ದಕ್ಷಿಣದ ಗಾಳಿಗೆ ಬಟ್ಟೆ ಪಟಪಟ ಬಡಿಯುತ್ತಿತ್ತು.

"ಅಯ್ಯೋ, ಅಲ್ನೋಡೇ," ಅಂದಳು ಮೇವಿಸ್ ಮೆಲ್ಲಗೆ.

ಫುಟ್‌ಪಾತಿನ ಮೇಲೆ ಸ್ತ್ರಾತಿಸ್. ಒಂಟಿ. ಕೋಟಿಗೆ ಕೆಂಪು ರಿಬ್ಬನ್ ಚುಚ್ಚಿಕೊಂಡಿದ್ದ. ಪಕ್ಷ ಬೇಡವೆಂದರೂ ಮೇ ದಿನ ಬಿಡದವನು!

"ನನ್ನ ಕಂಡ್ರೆ ಓಡಿಹೋಗ್ತಾನೆ," ಅಂದಳು ಐಲ್ಸಾ.

"ದಡ್ಡಿ! ನಾನು ನಮಸ್ಕಾರ ಅಂದಾಗ್ಲೂ ಓಡಿದ. ಹಿಂದೆಯೇ ಹೋಗಿ ಹಿಡ್ಕೊಂಡು ಕೇಳ್ದೆ. 'ನನ್ ಜೊತೆ ನಿಂತ್ರೆ ನಿಮ್ಮನ್ನೂ ತೆಗೀತಾರೆ. ಐಲ್ಸಾಗಂತೂ ಅಪ್ಪನೇ ಹೋಗ್ಬಿಡ್ತಾನೆ' ಅಂದ ಕಣೇ."

ಐಲ್ಸಾಳ ಹೆಜ್ಜೆ ನಿಂತುಹೋಯಿತು. ಎಂಟು ತಿಂಗಳು... ಎಂಟು ತಿಂಗಳು ಅವನು ನನ್ನನ್ನು ಕಾಯುತ್ತಿದ್ದನಾ?

"ನಡಿಯಮ್ಮಾ, ಸಾಲು ಕೆಡ್ತಿದೆ!" ಹಿಂದಿನಿಂದ ಅಪ್ಪನ ದನಿ.

ಅವಳು ತಿರುಗಿ ಕೋಲನ್ನು ಅವನ ಮುಂದೆ ಚಾಚಿದಳು.

"ಇದನ್ನ ಹಿಡ್ಕೋ ಅಪ್ಪಾ. ಆ ಭಾಷಣ ಟೈಪ್ ಮಾಡಿದ್ದು ನಾನು."

ಸುತ್ತಲಿದ್ದವರೆಲ್ಲ ಕೇಳಿಸಿಕೊಂಡರು. ಡಂಕನ್ ಮುಖ ಕಪ್ಪಿಟ್ಟಿತು. ಆಮೇಲೆ ಅವನು ತೀರಾ ಸಣ್ಣ ದನಿಯಲ್ಲಿ, "ಅದು ನಂಗೆ ಅವತ್ತೇ ಗೊತ್ತಿತ್ತು," ಅಂದ.

"ಗೊತ್ತಿದ್ದೂ... ಅವನನ್ನ...?"

"ನೀನು ನನ್ನ ಮಗಳು ಕಣೇ!"

"ಅವನೂ ಯಾರಿಗೋ ತಮ್ಮ, ಅಪ್ಪಾ."

ಬ್ಯಾನರ್ ಒಂದು ಕಡೆ ವಾಲಿತು. "ಹೋದ್ರೆ ಮತ್ತೆ ಈ ಸಾಲಿಗೆ ಬರೋ ಹಾಗಿಲ್ಲ," ಅಂದ ಡಂಕನ್. ಆದರೂ ಅವನ ಒರಟು ಕೈ ಕೋಲನ್ನು ಇಸಿದುಕೊಂಡಿತು.

"ಗೊತ್ತು." ಅವಳ ಕಣ್ಣು ತುಂಬಿ ರಸ್ತೆಯೇ ಕಾಣಿಸಲಿಲ್ಲ. ಆದರೂ ದಾಟಿದಳು.

ಅವಳು ಬರುವುದನ್ನು ಕಂಡ ಸ್ತ್ರಾತಿಸ್ ಹಿಂದೆ ಹಿಂದೆ ಸರಿದ. ಅಂಗಡಿಯ ಗೋಡೆ ಬೆನ್ನಿಗೆ ತಾಗಿತು.

"ಬರ್ಬೇಡ ಐಲ್ಸಾ! ಎಲ್ರೂ ನೋಡ್ತಿದ್ದಾರೆ!"

"ನೋಡ್ಲಿ."

"ನಿಮ್ಮಪ್ಪ..."

"ಹೇಳಿ ಬಂದೆ." ಅವಳು ಬಿಕ್ಕಿದಳು. "ನಾನು ಹೇಡಿ ಸ್ತ್ರಾತಿಸ್. ನೀನು ನನಗಾಗಿ ಸುಳ್ಳು ಹೇಳ್ದೆ, ನಾನು ಕೈ ಎತ್ತಿದೆ. ಕ್ಷಮಿಸು ಅನ್ನೋಕೂ ಮುಖ ಇಲ್ಲ. ಆದ್ರೆ ನಿನ್ನ ಬಿಟ್ಟು ಇರೋಕೆ ಆಗ್ತಿಲ್ಲ ಕಣೋ... ಮಿಲ್ತೋಸ್ ಕಾಗದ ಬಂತಾ?"

ಅವನು ಇಲ್ಲವೆಂದು ತಲೆಯಾಡಿಸಿದ. ಇಷ್ಟು ದಿನದಲ್ಲಿ ಆ ಪ್ರಶ್ನೆ ಕೇಳಿದವರು ಯಾರೂ ಇರಲಿಲ್ಲ.

"ಇಬ್ರೂ ಸೇರಿ ಮಾಸ್ಕೋಗೇ ಬರೆಯೋಣ. ಉತ್ತರ ಬರೋವರೆಗೂ. ನಾನು ಟೈಪ್ ಮಾಡ್ತೀನಿ," ಅಂದಳು.

ಮೆರವಣಿಗೆ ಮುಂದೆ ಸಾಗುತ್ತಿತ್ತು. ಅಪ್ಪ ತಿರುಗಿ ನೋಡಲಿಲ್ಲ. ಇವರಿಬ್ಬರೂ ಫುಟ್‌ಪಾತಿನ ಮೇಲೆ ಅದೇ ದಿಕ್ಕಿಗೆ ನಡೆಯತೊಡಗಿದರು. ನಾಲ್ಕು ಹೆಜ್ಜೆ ಹೋಗಿ ಸ್ತ್ರಾತಿಸ್ ನಿಂತ.

"ಕೈ ಕೊಡು."

ಅವಳು ಅಂಜುತ್ತಾ ಎಡಗೈ ಚಾಚಿದಳು.

"ಅದಲ್ಲ," ಅಂದ ಅವನು. "ಅವತ್ತು ಎತ್ತಿದ್ಯಲ್ಲ... ಅದು ಬೇಕು ನಂಗೆ."